ಪಕ್ಕದಲ್ಲಿ ನಿಂತವಳ ಮುಖ: ಗುನ್ನೆಲ್ ಲಿಂಡ್‌ಬ್ಲೋಮ್ ಬಗ್ಗೆ ಆಡಿದ ಮಾತು

ಗೆಳೆಯರ ಒಂದು ಸಿನಿಮಾ ಕೂಟದಲ್ಲಿ ಸ್ವೀಡನ್ನಿನ ನಟಿ ಗುನ್ನೆಲ್ ಲಿಂಡ್‌ಬ್ಲೋಮ್ ಬಗ್ಗೆ ಆಡಿದ ಮಾತುಗಳಿವು. ಅಲ್ಲಿ ಮಾತಿನ ಮಧ್ಯೆ ಸಿನಿಮಾದ ತುಣುಕುಗಳನ್ನು ತೋರಿಸಿದ್ದೆ. ಬರಹದಲ್ಲಿ ಅದು ಆಗದ ಕೆಲಸ, ಹಾಗಾಗಿ ದೃಶ್ಯಗಳನ್ನು ಇಲ್ಲಿ ಸ್ವಲ್ಪ ಜಾಸ್ತಿಯೇ ಬಿಡಿಸಿ ಹೇಳಿದ್ದೇನೆ. ಕೊನೆಗೆ ಬಂದ ಪ್ರಶ್ನೆಗಳನ್ನೂ ಸೇರಿಸಿದ್ದೇನೆ.

ಎಲ್ಲರಿಗೂ ನಮಸ್ಕಾರ.

ಸ್ವೀಡನ್ನಿನ ಸಿನಿಮಾ ನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್ ಅಂದ ಕೂಡಲೇ ನಿಮಗೆ ಏನು ನೆನಪಾಗುತ್ತೆ? ಸಮುದ್ರದ ದಂಡೆಯಲ್ಲಿ ಸಾವಿನ ಜೊತೆ ಚದುರಂಗ ಆಡುವ ಯೋಧ, ಅಲ್ವಾ? ‘ದ ಸೆವೆಂತ್ ಸೀಲ್’ ನೋಡದವರೂ ಆ ಚಿತ್ರ ನೋಡಿರುತ್ತಾರೆ. ಯೋಧನಾಗಿ ಮ್ಯಾಕ್ಸ್ ವಾನ್ ಸಿಡೋ, ಸಾವಾಗಿ ಬೆಂಗ್ಟ್ ಏಕೆರೋಟ್. ಅವರಿಬ್ಬರ ಬಗ್ಗೆ ಬರೆದದ್ದು ರಾಶಿ ಇದೆ. ನಾನು ಇವತ್ತು ಅದೇ ಸಿನಿಮಾದಲ್ಲಿ ಹೆಸರೇ ಇಲ್ಲದ ಒಬ್ಬ ಹುಡುಗಿಯಿಂದ ಶುರು ಮಾಡುತ್ತೇನೆ.

ಯೋಧನ ಸೇವಕ ಯೋನ್ಸ್ ಒಂದು ಪಾಳು ಹಳ್ಳಿಗೆ ನೀರು ಹುಡುಕಿಕೊಂಡು ಬರುತ್ತಾನೆ. ಪ್ಲೇಗ್ ಬಂದು ಜನ ಸತ್ತಿದ್ದಾರೆ. ಒಂದು ಮನೆಯೊಳಗೆ ರಾವಲ್ ಅನ್ನುವವನು ಹೆಣದ ಮೈಮೇಲಿನ ಒಡವೆ ಕದಿಯುತ್ತಿದ್ದಾನೆ. ಹತ್ತು ವರ್ಷದ ಹಿಂದೆ ಧರ್ಮದ ಹೆಸರು ಹೇಳಿ ಈ ಯೋಧನನ್ನು ಧರ್ಮಯುದ್ಧಕ್ಕೆ ಕಳಿಸಿದವನೇ ಅವನು. ಕಳ್ಳತನ ಕಣ್ಣಾರೆ ಕಂಡ ಒಬ್ಬ ಹುಡುಗಿ ಅಲ್ಲಿದ್ದಾಳೆ. ಅವಳನ್ನು ಕೊಲ್ಲಲು ಹೊರಟಿದ್ದಾನೆ. ಯೋನ್ಸ್ ಅವಳನ್ನು ಉಳಿಸುತ್ತಾನೆ. ಉಳಿಸಿದ ಮರುಕ್ಷಣವೇ ತಾನೂ ಅವಳನ್ನು ಬಲವಂತವಾಗಿ ಮುತ್ತಿಡಲು ಹೋಗುತ್ತಾನೆ, ಆಮೇಲೆ ಬೇಸರವಾಯಿತು ಅಂತ ಬಿಡುತ್ತಾನೆ, ನನಗೊಬ್ಬ ಮನೆ ನೋಡಿಕೊಳ್ಳುವವಳು ಬೇಕು, ನಿನ್ನ ಜೀವ ಉಳಿಸಿದ ಋಣ ನಿನ್ನ ಮೇಲಿದೆ ಅನ್ನುತ್ತಾನೆ. ಅವಳು ಮಾತಾಡುವುದಿಲ್ಲ. ಅವನ ಹಿಂದೆ ಹೊರಡುತ್ತಾಳೆ.

ಅಲ್ಲಿಂದ ಸಿನಿಮಾದ ಉದ್ದಕ್ಕೂ ಅವಳು ಅವರ ಜೊತೆ ಇರುತ್ತಾಳೆ. ಮಾತೇ ಇಲ್ಲ. ಕಾಡಿನಲ್ಲಿ ಅದೇ ರಾವಲ್ ಪ್ಲೇಗ್ ತಗುಲಿ ಸಾಯುತ್ತಾ, ನೀರು ಕೊಡಿ ಅಂತ ಬೇಡಿಕೊಳ್ಳುತ್ತಾನೆ. ತನ್ನನ್ನು ಕೊಲ್ಲಲು ಬಂದವನು. ಆದರೂ ನೀರು ತಗೊಂಡು ಓಡಲು ಹೊರಡುವವಳು ಇವಳೊಬ್ಬಳೇ. ಕೊಟ್ಟು ಏನೂ ಪ್ರಯೋಜನವಿಲ್ಲ ಅಂತ ಯೋನ್ಸ್ ಅವಳನ್ನು ತಡೆದು ಹಿಡಿಯುತ್ತಾನೆ. ಕೊನೆಗೆ ಯೋಧನ ಕೋಟೆಯಲ್ಲಿ, ಎಲ್ಲರೂ ಊಟಕ್ಕೆ ಕೂತಿರುವಾಗ ಸಾವು ಬಾಗಿಲಲ್ಲಿ ಬಂದು ನಿಲ್ಲುತ್ತದೆ. ಯೋಧ ಪ್ರಾರ್ಥನೆ ಮಾಡುತ್ತಾನೆ. ಯೋನ್ಸ್ ಕೊನೆಯವರೆಗೂ ವಾದ ಮಾಡುತ್ತಾನೆ. ಈ ಹುಡುಗಿ ಮಂಡಿಯೂರಿ, ಸಾವಿನ ಕಡೆ ಮುಖ ಎತ್ತಿ, ಇಡೀ ಸಿನಿಮಾದಲ್ಲಿ ಮೊದಲ ಸಲ ಮಾತಾಡುತ್ತಾಳೆ. ಶಿಲುಬೆಯ ಮೇಲೆ ಯೇಸು ಆಡಿದ ಮಾತು ಅದು: ತೀರಿತು.

ಅಲ್ಲಿ ಅವಳ ಮುಖದಲ್ಲಿ ಭಯ ಇಲ್ಲ. ಬಹಳ ದಿನ ಕಾದಿದ್ದು ಬಂತು ಅನ್ನುವ ಹಾಗೆ ಬೆಳಕು ಇದೆ. ಯೋಧ ದೇವರ ಬಗ್ಗೆ, ಸಾವಿನ ಬಗ್ಗೆ ಅಷ್ಟೊಂದು ಪ್ರಶ್ನೆ ಕೇಳುತ್ತಾನೆ, ಅವನಿಗೆ ಉತ್ತರ ಸಿಗುವುದಿಲ್ಲ. ಒಂದೂ ಪ್ರಶ್ನೆ ಕೇಳದ ಹುಡುಗಿಗೆ ಏನೋ ಸಿಕ್ಕಿದೆ. ಏನು ಸಿಕ್ಕಿದೆ ಅಂತ ಸಿನಿಮಾ ಹೇಳುವುದಿಲ್ಲ. ಆಮೇಲೆ ಬೆಟ್ಟದ ಮೇಲೆ ಸಾವಿನ ಕುಣಿತ ಬರುತ್ತದಲ್ಲ, ಅದನ್ನು ದೂರದಿಂದ ನೋಡುವ ಅಲೆಮಾರಿ ಕಲಾವಿದ ಯೋಫ್ ಒಬ್ಬೊಬ್ಬರ ಹೆಸರು ಹೇಳುತ್ತಾನೆ. ಆ ಪಟ್ಟಿಯಲ್ಲಿ ಈ ಹುಡುಗಿ ಬರುವುದೇ ಇಲ್ಲ.

ಆ ಪಾತ್ರ ಮಾಡಿದವರು ಗುನ್ನೆಲ್ ಲಿಂಡ್‌ಬ್ಲೋಮ್. ಆಗ ಅವರಿಗೆ 24, 25 ವಯಸ್ಸು.

1931ರ ಡಿಸೆಂಬರ್ 18ರಂದು ಸ್ವೀಡನ್ನಿನ ಬಂದರು ಪಟ್ಟಣ ಗೋಥೆನ್‌ಬರ್ಗ್‌ನಲ್ಲಿ ಹುಟ್ಟಿದವರು. ಅಲ್ಲಿನ ನಗರ ರಂಗಮಂದಿರದ ನಟನಾ ಶಾಲೆಯಲ್ಲಿ 1950ರಿಂದ 53ರವರೆಗೆ ಕಲಿತರು. ಕಲಿಯುತ್ತಿರುವಾಗಲೇ, 1952ರಲ್ಲಿ, ಗುಸ್ತಾಫ್ ಮೊಲಾಂಡರ್ ಅವರ ಒಂದು ಸಿನಿಮಾದಲ್ಲಿ ಕಾಣಿಸಿಕೊಂಡರು. 1954ರಲ್ಲಿ ದಕ್ಷಿಣದ ಮಾಲ್ಮೋ ಊರಿನ ನಗರ ರಂಗಮಂದಿರಕ್ಕೆ ಸೇರಿದರು. ಬರ್ಗ್‌ಮನ್ ಆಗ ಅಲ್ಲಿ ನಾಟಕ ಮಾಡಿಸುತ್ತಿದ್ದರು.

ಇಲ್ಲಿ ಸ್ವಲ್ಪ ನಿಲ್ಲಬೇಕು. ಅಲ್ಲಿನ ವ್ಯವಸ್ಥೆ ಗೊತ್ತಾಗದೆ ಈ ನಟಿಯ ಬದುಕು ಅರ್ಥ ಆಗುವುದಿಲ್ಲ.

ಸ್ವೀಡನ್ನಿನ ದೊಡ್ಡ ಊರುಗಳಲ್ಲಿ ಊರಿನದೇ ದುಡ್ಡಿನಿಂದ ನಡೆಯುವ ರಂಗಮಂದಿರಗಳಿವೆ. ನಟರಿಗೆ ಅಲ್ಲಿ ಸಂಬಳ. ಒಂದು ತಂಡ, ಒಂದು ಋತುವಿಗೆ ಇಷ್ಟು ನಾಟಕ. ಈ ನಾಟಕದಲ್ಲಿ ರಾಣಿ ಆದವಳು ಮುಂದಿನದರಲ್ಲಿ ಬಾಗಿಲು ತೆರೆಯುವ ಕೆಲಸದವಳು ಆಗಬಹುದು. ಬೇಸಿಗೆಯಲ್ಲಿ ರಂಗಮಂದಿರಕ್ಕೆ ರಜೆ. ಬರ್ಗ್‌ಮನ್ ಮಾಡುತ್ತಿದ್ದದ್ದು ಇಷ್ಟೇ: ಚಳಿಗಾಲದಲ್ಲಿ ಯಾರ ಜೊತೆ ನಾಟಕ ಮಾಡಿದರೋ ಅವರನ್ನೇ ಬೇಸಿಗೆ ರಜೆಯಲ್ಲಿ ಕರೆದುಕೊಂಡು ಹೋಗಿ ಸಿನಿಮಾ ತೆಗೆಯುವುದು. ‘ದ ಸೆವೆಂತ್ ಸೀಲ್’ 1956ರ ಬೇಸಿಗೆಯಲ್ಲಿ ತೆಗೆದದ್ದು, ಸುಮಾರು 35 ದಿನದಲ್ಲಿ ಮುಗಿಯಿತು. ಇಷ್ಟು ಬೇಗ ಮುಗಿಯಲು ಒಂದು ಕಾರಣ ಇದೇ. ಆ ನಟರಿಗೆ ಪರಸ್ಪರ ಪರಿಚಯ ಮಾಡಿಕೊಳ್ಳುವ ಕೆಲಸವೇ ಇರಲಿಲ್ಲ. ಒಬ್ಬರ ಉಸಿರು ಇನ್ನೊಬ್ಬರಿಗೆ ಗೊತ್ತಿತ್ತು.

ಈಗ ಲಿಂಡ್‌ಬ್ಲೋಮ್ ಅವರ ಒಂದೇ ಒಂದು ವರ್ಷ ನೋಡಿ. 1957ರ ಫೆಬ್ರವರಿಯಲ್ಲಿ ‘ದ ಸೆವೆಂತ್ ಸೀಲ್’ ಬಿಡುಗಡೆ, ಅದರಲ್ಲಿ ಮಾತಿಲ್ಲದ ಹುಡುಗಿ. ಅದೇ ವರ್ಷ ಮಾಲ್ಮೋ ರಂಗದ ಮೇಲೆ ಇಬ್ಸೆನ್ನನ ‘ಪೇರ್ ಗಿಂಟ್’, ಅದರಲ್ಲಿ ಈಕೆ ಸೂಲ್ವೆಗ್, ಅಂದರೆ ಊರೂರು ಅಲೆಯುವ ಗಂಡಸಿಗಾಗಿ ಜೀವಮಾನವೆಲ್ಲ ಕಾಯುವ ಹೆಣ್ಣು, ನಾಟಕದ ಮುಖ್ಯ ಸ್ತ್ರೀಪಾತ್ರಗಳಲ್ಲಿ ಒಂದು. ವರ್ಷದ ಕೊನೆಯಲ್ಲಿ ‘ವೈಲ್ಡ್ ಸ್ಟ್ರಾಬೆರೀಸ್’ ಬಂತು, ಅದರಲ್ಲಿ ಮುದುಕ ಡಾಕ್ಟರರ ಬಾಲ್ಯದ ನೆನಪಿನಲ್ಲಿ ಬಂದು ಹೋಗುವ ಅಕ್ಕತಂಗಿಯರಲ್ಲಿ ಒಬ್ಬಳು, ಶಾರ್ಲೊಟ್ಟಾ. ಊಟದ ಮೇಜಿನಿಂದ ಅಳುತ್ತಾ ಎದ್ದು ಹೋದ ಸಾರಾಳನ್ನು ಸಮಾಧಾನ ಮಾಡಲು ಹೋಗುವವಳು. ಅಷ್ಟೇ ಕೆಲಸ. ಮರುವರ್ಷ ಮತ್ತೆ ರಂಗದ ಮೇಲೆ ಗಯಟೆಯ ‘ಉರ್ ಫೌಸ್ಟ್’, ಮ್ಯಾಕ್ಸ್ ವಾನ್ ಸಿಡೋ ಫೌಸ್ಟ್, ಈಕೆ ಮಾರ್ಗರೇಟ್. ಆ ನಾಟಕವನ್ನು 1959ರಲ್ಲಿ ಲಂಡನ್ನಿಗೂ ತಗೊಂಡು ಹೋದರು.

ಇದನ್ನು ಇಷ್ಟು ವಿವರವಾಗಿ ಯಾಕೆ ಹೇಳಿದೆ ಅಂದರೆ, ಸಿನಿಮಾ ಮಾತ್ರ ನೋಡಿದ ನಮಗೆ ಈಕೆ ಬದಿಯ ಪಾತ್ರದವಳು. ಆದರೆ ಆ ಬದಿಯಲ್ಲಿ ನಿಂತವಳು ಅದೇ ವರ್ಷ ಬೇರೆ ಕಡೆ ಇಡೀ ನಾಟಕ ಹೊತ್ತವಳು. ಮೂರು ಗಂಟೆ ರಂಗದ ಮೇಲೆ ನಿಲ್ಲಬಲ್ಲವಳಿಗೆ ಮೂರು ನಿಮಿಷ ಕೊಟ್ಟರೆ ಆ ಮೂರು ನಿಮಿಷ ಎಷ್ಟು ತುಂಬಿರುತ್ತದೆ! ಆ ಕಾಲದ ಬರ್ಗ್‌ಮನ್ ಸಿನಿಮಾಗಳಲ್ಲಿ ಒಂದು ಚಿಕ್ಕ ಮುಖವೂ ಖಾಲಿ ಅನ್ನಿಸುವುದಿಲ್ಲವಲ್ಲ, ಅದಕ್ಕೆ ನಿರ್ದೇಶಕರ ಜಾಣತನ ಎಷ್ಟು ಕಾರಣವೋ ಆ ಸಂಬಳದ ತಂಡವೂ ಅಷ್ಟೇ ಕಾರಣ ಅಂತ ನಾನು ನಂಬಿದ್ದೇನೆ. ಆ ವಿಷಯ ಯಾರೂ ಜಾಸ್ತಿ ಮಾತಾಡುವುದಿಲ್ಲ.

ಸರಿ, 1960ಕ್ಕೆ ಬರೋಣ. ‘ದ ವರ್ಜಿನ್ ಸ್ಪ್ರಿಂಗ್’. ಒಂದು ಹಳೆಯ ಸ್ವೀಡಿಷ್ ಲಾವಣಿಯ ಕಥೆ, ಚಿತ್ರಕಥೆ ಬರೆದವರು ಕಾದಂಬರಿಕಾರ್ತಿ ಉಲ್ಲಾ ಇಸಾಕ್ಸನ್. ಈ ಹೆಸರು ನೆನಪಿಟ್ಟುಕೊಳ್ಳಿ, ಮುಂದೆ ಮತ್ತೆ ಬರುತ್ತದೆ. ಕಥೆ ಹೀಗೆ. ಶ್ರೀಮಂತ ರೈತ ತೋರೆಯ ಮುದ್ದಿನ ಮಗಳು ಕಾರಿನ್ ಚರ್ಚಿಗೆ ಮೇಣದಬತ್ತಿ ಒಯ್ಯುವಾಗ ದಾರಿಯಲ್ಲಿ ಆಡು ಕಾಯುವವರು ಅವಳ ಮೇಲೆ ಅತ್ಯಾಚಾರ ಮಾಡಿ ಕೊಲ್ಲುತ್ತಾರೆ. ಅದೇ ರಾತ್ರಿ, ಗೊತ್ತಿಲ್ಲದೆ, ಅವಳ ಮನೆಗೇ ಬಂದು ಆಸರೆ ಕೇಳುತ್ತಾರೆ. ಅಪ್ಪ ಸೇಡು ತೀರಿಸಿಕೊಳ್ಳುತ್ತಾನೆ.

ಈ ಸಿನಿಮಾ ಶುರುವಾಗುವುದು ಮಗಳಿಂದ ಅಲ್ಲ, ಅಪ್ಪನಿಂದಲೂ ಅಲ್ಲ. ಕತ್ತಲೆ ಮನೆಯಲ್ಲಿ ಒಬ್ಬ ಕೆಲಸದ ಹುಡುಗಿ ಕೆಂಡ ಊದುತ್ತಿದ್ದಾಳೆ. ಬೆಂಕಿ ಹತ್ತುತ್ತದೆ, ಅವಳ ಮುಖ ಕಾಣುತ್ತದೆ. ಎದ್ದು ಒಂದು ಕೋಲಿನಿಂದ ಸೂರಿನ ಹೊಗೆಗಂಡಿಯ ಮುಚ್ಚಳ ತಳ್ಳಿ ತೆರೆಯುತ್ತಾಳೆ. ಆ ಕೋಲನ್ನು ಹಿಡಿದುಕೊಂಡೇ ಓಡಿನ್‌ನನ್ನು ಕರೆಯುತ್ತಾಳೆ, ಹಳೆಯ ದೇವರನ್ನು. ಮುಂದಿನ ದೃಶ್ಯದಲ್ಲಿ ಮನೆಯ ಯಜಮಾನ ಯಜಮಾನಿ ಶಿಲುಬೆಯ ಮುಂದೆ ಪ್ರಾರ್ಥನೆ ಮಾಡುತ್ತಿದ್ದಾರೆ. ಒಂದೇ ಸೂರಿನ ಕೆಳಗೆ ಎರಡು ದೇವರು. ಇದನ್ನು ತಿಳಿಸಲು ಸಿನಿಮಾಕ್ಕೆ ಬೇಕಾದದ್ದು ಆ ಹುಡುಗಿಯ ಮುಖ, ಒಂದು ಕೋಲು. ಛಾಯಾಗ್ರಾಹಕ ಸ್ವೆನ್ ನಿಕ್ವಿಸ್ಟ್ ಆ ಬೆಂಕಿ ಬೆಳಕನ್ನು ಹಿಡಿದ ರೀತಿಯನ್ನೂ ಹೇಳಲೇಬೇಕು.

ಆ ಹುಡುಗಿ ಇಂಗೇರಿ. ಮದುವೆಯಾಗದೆ ಬಸುರಿ. ಮನೆಯವರು ಸಾಕಿದ್ದಾರೆ, ಬೈಯುತ್ತಲೂ ಇದ್ದಾರೆ. ಕಾರಿನ್‌ಗೆ ರೇಷ್ಮೆ ಬಟ್ಟೆ, ಇವಳಿಗೆ ಕೊಳಕು ಬಟ್ಟೆ. ಕಾರಿನ್ ಬುತ್ತಿಗೆ ರೊಟ್ಟಿ ಕಟ್ಟುವಾಗ ಇವಳು ರೊಟ್ಟಿಯೊಳಗೆ ಒಂದು ಜೀವಂತ ಕಪ್ಪೆ ಇಟ್ಟು ಮುಚ್ಚುತ್ತಾಳೆ. ನೋಡುವಾಗ ಮೈ ಜುಮ್ಮೆನ್ನುತ್ತದೆ. ಆದರೆ ಲಿಂಡ್‌ಬ್ಲೋಮ್ ಅದನ್ನು ಕೆಟ್ಟವಳ ಖುಷಿಯಿಂದ ಮಾಡುವುದಿಲ್ಲ. ಹೊಟ್ಟೆಯಲ್ಲಿ ಬೆಂಕಿ ಇಟ್ಟುಕೊಂಡವಳು ಕೈಗೆ ಸಿಕ್ಕಿದ್ದನ್ನು ಮಾಡಿದ ಹಾಗೆ ಮಾಡುತ್ತಾರೆ.

ಆಮೇಲೆ ಆ ಘೋರ ನಡೆಯುವಾಗ ಇಂಗೇರಿ ದೂರದಿಂದ ನೋಡುತ್ತಿರುತ್ತಾಳೆ. ಕೈಯಲ್ಲಿ ಕಲ್ಲು ಇದೆ. ಎಸೆಯಬಹುದು. ಎಸೆಯುವುದಿಲ್ಲ. ಕಲ್ಲು ಕೈಯಿಂದ ಜಾರಿ ಉರುಳುತ್ತದೆ. ಅವಳಿಗೆ ಭಯವೋ, ದ್ವೇಷವೋ, ತಾನು ಬೇಡಿಕೊಂಡದ್ದೇ ನಡೆಯುತ್ತಿದೆ ಅನ್ನುವ ದಿಗಿಲೋ? ಆ ಮುಖದಲ್ಲಿ ಮೂರೂ ಇವೆ. ಮನೆಗೆ ಬಂದ ಮೇಲೆ ತೋರೆಯ ಮುಂದೆ ಹೇಳಿಕೊಳ್ಳುತ್ತಾಳೆ: ತಪ್ಪು ನನ್ನದು, ನಾನೇ ಅವಳಿಗೆ ಕೆಟ್ಟದ್ದಾಗಲಿ ಅಂತ ಬಯಸಿದ್ದೆ. ಈ ಸಿನಿಮಾದಲ್ಲಿ ನಿಜವಾದ ಪಾಪದ ಭಾರ ಹೊತ್ತವಳು ಇವಳು ಅಂತ ನನಗನ್ನಿಸುತ್ತದೆ. ಕೊಂದವರಿಗೆ ಪಶ್ಚಾತ್ತಾಪ ಇಲ್ಲ. ಅಪ್ಪನಿಗೆ ಪಶ್ಚಾತ್ತಾಪ ಬರುವುದು ಕೊನೆಯಲ್ಲಿ. ಇವಳದು ಮಧ್ಯದಿಂದ ಕೊನೆಯವರೆಗೂ. ಹೆಣ ಎತ್ತಿದ ಜಾಗದಲ್ಲಿ ನೀರು ಚಿಮ್ಮಿದಾಗ ಆ ನೀರಿನಲ್ಲಿ ಮುಖ ತೊಳೆದುಕೊಳ್ಳುವವಳೂ ಇವಳೇ. ಈ ಸಿನಿಮಾಕ್ಕೆ ವಿದೇಶಿ ಭಾಷೆಯ ಅತ್ಯುತ್ತಮ ಚಿತ್ರ ಅಂತ ಆಸ್ಕರ್ ಬಂತು. ಪೋಸ್ಟರಿನ ಮೇಲೆ ಇಂಗೇರಿ ಇರಲಿ ಬಿಡಲಿ, ಅವಳನ್ನು ತೆಗೆದುಬಿಟ್ಟರೆ ಉಳಿಯುವುದು ಒಂದು ಸೇಡಿನ ಕಥೆ ಮಾತ್ರ.

ಮೂರು ವರ್ಷದ ನಂತರ, 1963ರ ಫೆಬ್ರವರಿಯಲ್ಲಿ ‘ವಿಂಟರ್ ಲೈಟ್’. ಇಲ್ಲೂ ಆಕೆ ಬಸುರಿ. ಮೀನುಗಾರ ಯೋನಾಸನ ಹೆಂಡತಿ ಕಾರಿನ್ ಪೆರ್ಸನ್. ಚೀನಾದವರ ಕೈಗೆ ಅಣುಬಾಂಬು ಬರುತ್ತೆ ಅಂತ ಪೇಪರಿನಲ್ಲಿ ಓದಿದಾಗಿನಿಂದ ಗಂಡನಿಗೆ ನೆಮ್ಮದಿ ಹೋಗಿದೆ, ಮಾತೇ ಆಡುತ್ತಿಲ್ಲ. ಅವನನ್ನು ಪಾದ್ರಿಯ ಹತ್ತಿರ ಕರೆದುಕೊಂಡು ಬರುತ್ತಾಳೆ. (ಚೀನಾ ಮೊದಲ ಅಣುಪರೀಕ್ಷೆ ಮಾಡಿದ್ದು 1964ರ ಅಕ್ಟೋಬರಿನಲ್ಲಿ. ಅಂದರೆ ಯೋನಾಸನ ಭಯ ಸುಳ್ಳಾಗಿರಲಿಲ್ಲ.) ಪಾದ್ರಿಗೆ ಸ್ವತಃ ದೇವರ ಮೇಲೆ ನಂಬಿಕೆ ಹೋಗಿದೆ. ಯೋನಾಸ್ ಒಬ್ಬನೇ ವಾಪಸ್ ಬಂದಾಗ ಪಾದ್ರಿ ಅವನಿಗೆ ಧೈರ್ಯ ಹೇಳುವುದು ಬಿಟ್ಟು ತನ್ನ ಗೋಳು ತೋಡಿಕೊಳ್ಳುತ್ತಾನೆ. ಯೋನಾಸ್ ಹೊರಗೆ ಹೋಗಿ ಗುಂಡು ಹೊಡೆದುಕೊಂಡು ಸಾಯುತ್ತಾನೆ.

ಈ ಸುದ್ದಿ ಹೇಳಲು ಪಾದ್ರಿ ಅವಳ ಮನೆಗೆ ಹೋಗುವ ದೃಶ್ಯ ಇದೆ. ಒಳಗೆ ಮಕ್ಕಳು. ಅವಳು ಕಿರುಚುವುದಿಲ್ಲ, ಎದೆ ಬಡಿದುಕೊಳ್ಳುವುದಿಲ್ಲ. ಹಾಗಾದ್ರೆ ಇನ್ನು ನಾನೊಬ್ಬಳೇ ಅನ್ನುವ ಅರ್ಥದ ಒಂದು ಮಾತು. ಪಾದ್ರಿ ಬೈಬಲ್ ಓದೋಣವೇ ಅಂದಾಗ ಬೇಡ ಅನ್ನುತ್ತಾಳೆ. ಮೇಲಿಂದ ಅವನಿಗೇ ಸಮಾಧಾನ ಹೇಳುತ್ತಾಳೆ, ನೀವು ಆದಷ್ಟು ಮಾಡಿರುತ್ತೀರಿ ಬಿಡಿ ಅಂತ. ಅವನು ಏನೂ ಮಾಡಿಲ್ಲ ಅಂತ ನಮಗೆ ಗೊತ್ತು. ಅವಳಿಗೆ ಗೊತ್ತಿಲ್ಲ. ಇಡೀ ಸಿನಿಮಾ ಪಾದ್ರಿಯ ಒಳಗಿನ ತಳಮಳದ ಸುತ್ತ ತಿರುಗುತ್ತದೆ, ಪುಟಗಟ್ಟಲೆ ಮಾತು, ಒಂದು ಉದ್ದನೆಯ ಕಾಗದ, ದೇವರು, ಮೌನ ಎಲ್ಲ ಇದೆ. ಈ ಹೆಂಗಸಿನ ಎರಡು ಮೂರು ನಿಮಿಷ ಬಂದಾಗ ಮಾತ್ರ ನಮಗೆ ಪಾದ್ರಿಯ ಮೇಲೆ ಸಿಟ್ಟು ಬರುತ್ತದೆ. ಇವಳು ಈಗ ಒಳಗೆ ಹೋಗಿ ಮಕ್ಕಳಿಗೆ ಹೇಳಬೇಕು. ನಾಳೆ ಒಲೆ ಹಚ್ಚಬೇಕು. ಹೊಟ್ಟೆಯಲ್ಲಿ ಇನ್ನೊಂದು ಇದೆ.

ಅದೇ ವರ್ಷ ಸೆಪ್ಟೆಂಬರಿನಲ್ಲಿ ‘ದ ಸೈಲೆನ್ಸ್’ ಬಂತು. ಅದರಲ್ಲಿ ಆಕೆ ಬದಿಯವಳಲ್ಲ, ಇಂಗ್ರಿಡ್ ಥೂಲಿನ್ ಜೊತೆ ಇಬ್ಬರು ಮುಖ್ಯ ನಟಿಯರಲ್ಲಿ ಒಬ್ಬರು. ಭಾಷೆ ಗೊತ್ತಿಲ್ಲದ ಊರಿನ ಹೋಟೆಲಿನಲ್ಲಿ ಸಿಕ್ಕಿಹಾಕಿಕೊಂಡ ಇಬ್ಬರು ಹೆಂಗಸರು, ಒಬ್ಬ ಹುಡುಗ. ಸ್ವೀಡನ್ನಿನ ಸೆನ್ಸಾರ್ ಅದನ್ನು ಕತ್ತರಿಸದೆ ಬಿಟ್ಟಿತು, ದೇಶದಲ್ಲಿ ದೊಡ್ಡ ಗಲಾಟೆ ಆಯಿತು. ಆ ಗಲಾಟೆಯ ಬಗ್ಗೆ ಬೇಕಾದಷ್ಟು ಬರೆದಿದ್ದಾರೆ, ನಾನು ಬಿಟ್ಟುಬಿಡುತ್ತೇನೆ. ಒಂದನ್ನು ಮಾತ್ರ ಹೇಳುತ್ತೇನೆ: ಫೆಬ್ರವರಿಯ ಆ ಮೀನುಗಾರನ ಹೆಂಡತಿ, ಸೆಪ್ಟೆಂಬರಿನ ಆನ್ನಾ, ಇಬ್ಬರೂ ಒಬ್ಬರೇ ಅಂತ ನಂಬಲು ಕಷ್ಟವಾಗುತ್ತದೆ.

ಈಗ ನನ್ನದೊಂದು ತಕರಾರು. ಬರ್ಗ್‌ಮನ್ ಸಿನಿಮಾಗಳಲ್ಲಿ ಬುದ್ಧಿಯ ಮಾತಾಡುವ ಹೆಣ್ಣು ಬೇರೆ, ಮೈಯಿಂದ ಬದುಕುವ ಹೆಣ್ಣು ಬೇರೆ. ‘ದ ಸೈಲೆನ್ಸ್’ನಲ್ಲಿ ಥೂಲಿನ್ ಅನುವಾದಕಿ, ಓದುವವಳು, ಬರೆಯುವವಳು. ಲಿಂಡ್‌ಬ್ಲೋಮ್‌ಗೆ ಸೆಕೆ, ಬೆವರು, ಬೀದಿ. ‘ದ ವರ್ಜಿನ್ ಸ್ಪ್ರಿಂಗ್’ನಲ್ಲಿ ಹೊಂಬಣ್ಣದ ಕೂದಲಿನ ಕಾರಿನ್ ಎದುರು ಕಪ್ಪು ಕೂದಲಿನ ಇಂಗೇರಿ. ಈಕೆಯ ಕಪ್ಪು ಕೂದಲು, ದಟ್ಟ ಹುಬ್ಬು ನೋಡಿ ಮಣ್ಣಿನ ಪಾತ್ರಗಳನ್ನೇ ಕೊಟ್ಟರು. ಬೇರೆ ನಿರ್ದೇಶಕರೂ ಬಹಳ ದೂರ ಹೋಗಲಿಲ್ಲ. 1964ರಲ್ಲಿ ನಟಿ ಮಾಯ್ ಸೆಟ್ಟರ್ಲಿಂಗ್ ತಮ್ಮ ಮೊದಲ ಕಥಾಚಿತ್ರ ‘ಲವಿಂಗ್ ಕಪಲ್ಸ್’ ಮಾಡಿದಾಗ ಹೆರಿಗೆ ಆಸ್ಪತ್ರೆಯಲ್ಲಿರುವ ಮೂವರು ಹೆಂಗಸರಲ್ಲಿ ಒಬ್ಬಳ ಪಾತ್ರ ಈಕೆಗೆ. ಅಡೆಲ್. ಹೊಟ್ಟೆಯಲ್ಲಿನ ಮಗು ಆಗಲೇ ಸತ್ತಿದೆ. ಮತ್ತೆ ಬಸುರಿ, ನೋಡಿ. ಆದರೆ ಸೆಟ್ಟರ್ಲಿಂಗ್ ಆ ಅಡೆಲ್‌ಗೆ ಕೋಪ ಕೊಟ್ಟರು, ಆ ಕೋಪಕ್ಕೆ ಮಾತು ಕೊಟ್ಟರು. ತನ್ನ ಬಡತನ, ತನಗಾದ ಅನ್ಯಾಯ, ಯಾವುದನ್ನೂ ನುಂಗಿಕೊಳ್ಳದ ಹೆಂಗಸು. ಇಂಗೇರಿ ಹೇಳಲಾರದ್ದನ್ನು ಅಡೆಲ್ ಹೇಳಿದ ಹಾಗೆ ನನಗೆ ಕಾಣುತ್ತದೆ.

ಸೆಟ್ಟರ್ಲಿಂಗ್ ಅವರೇ 1968ರಲ್ಲಿ ‘ದ ಗರ್ಲ್ಸ್’ ಮಾಡಿದರು. ಮೂವರು ನಟಿಯರು ಹಳೆಯ ಗ್ರೀಕ್ ನಾಟಕ ‘ಲೈಸಿಸ್ಟ್ರಾಟಾ’ ತಗೊಂಡು ಸ್ವೀಡನ್ನಿನ ಊರೂರು ತಿರುಗುತ್ತಾರೆ. ಬೀಬಿ ಆಂಡರ್ಸನ್, ಹ್ಯಾರಿಯೆಟ್ ಆಂಡರ್ಸನ್, ಗುನ್ನೆಲ್ ಲಿಂಡ್‌ಬ್ಲೋಮ್. ಮೂವರೂ ಬರ್ಗ್‌ಮನ್ ತಂಡದವರು. ಗಂಡಂದಿರು, ಮಕ್ಕಳು, ಮನೆ, ರಂಗ, ಇದರ ನಡುವೆ ಸಿಕ್ಕಿಕೊಂಡ ನಟಿಯರ ಕಥೆ. ಬಂದಾಗ ಜನ ಮೆಚ್ಚಲಿಲ್ಲ. ಆಮೇಲೆ ಮಹಿಳಾ ಚಿತ್ರೋತ್ಸವಗಳು ಅದನ್ನು ಹುಡುಕಿ ತೆಗೆದವು.

ಮಧ್ಯದಲ್ಲಿ ಸ್ವೀಡನ್ನಿನ ಹೊರಗೂ ಕೆಲಸ ಮಾಡಿದರು. 1965ರಲ್ಲಿ ಬಿಬಿಸಿ ಟಿವಿಯಲ್ಲಿ ಸ್ಟ್ರಿಂಡ್‌ಬರ್ಗ್‌ನ ‘ಮಿಸ್ ಜೂಲಿ’. 1966ರಲ್ಲಿ ಡೆನ್ಮಾರ್ಕಿನ ಹೆನಿಂಗ್ ಕಾರ್ಲ್ಸೆನ್ ಅವರ ‘ಹಂಗರ್’, ಕ್ನೂಟ್ ಹಾಮ್ಸುನ್ ಕಾದಂಬರಿಯಿಂದ. ಹಸಿದ ಬರಹಗಾರನಾಗಿ ಪೇರ್ ಓಸ್ಕರ್ಸನ್‌ಗೆ ಕಾನ್‌ನಲ್ಲಿ ನಡೆಯುವ ಚಿತ್ರೋತ್ಸವದ ಅತ್ಯುತ್ತಮ ನಟ ಪ್ರಶಸ್ತಿ ಬಂತು. ಬೀದಿಯಲ್ಲಿ ಕಂಡು ಅವನೇ ಹೆಸರಿಟ್ಟ ಹೆಣ್ಣು ಇಲಾಯಲಿ ಪಾತ್ರ ಈಕೆಯದು.

ಟಿವಿ ವಿಷಯ. ಸ್ವೀಡನ್ನಿನಲ್ಲಿ ಟಿವಿ ಪ್ರಸಾರ ಸರಿಯಾಗಿ ಶುರುವಾದದ್ದು 1956ರಲ್ಲಿ. ಅಲ್ಲಿ ಟಿವಿಗಾಗಿಯೇ ನಾಟಕ ಮಾಡುವ ಪದ್ಧತಿ ಗಟ್ಟಿಯಾಗಿ ಬೆಳೆಯಿತು. ರಂಗಭೂಮಿಯ ದೊಡ್ಡ ದೊಡ್ಡ ನಟರು ಟಿವಿಯನ್ನು ಕೀಳಾಗಿ ಕಾಣಲಿಲ್ಲ. ಲಿಂಡ್‌ಬ್ಲೋಮ್ 1958ರಲ್ಲೇ ಬರ್ಗ್‌ಮನ್ ಮಾಡಿದ ಟಿವಿ ನಾಟಕದಲ್ಲಿದ್ದರು. ಆದರೆ ನಾನು ಹೇಳಬೇಕು ಅಂದುಕೊಂಡದ್ದು 1973ರ ‘ಸೀನ್ಸ್ ಫ್ರಮ್ ಎ ಮ್ಯಾರೇಜ್’ ಬಗ್ಗೆ. ಆರು ಕಂತು. ಲಿವ್ ಉಲ್ಮನ್, ಎರ್ಲೆಂಡ್ ಯೋಸೆಫ್ಸನ್, ಒಂದು ಮದುವೆ ಒಡೆಯುವ ಕಥೆ. ಹೆಚ್ಚುಕಡಿಮೆ ಇಬ್ಬರದೇ ಆಟ. ಬೇರೆಯವರು ಒಂದೊಂದು ದೃಶ್ಯಕ್ಕೆ ಬಂದು ಹೋಗುತ್ತಾರೆ. ಎರಡನೇ ಕಂತಿನಲ್ಲಿ ಗಂಡ ಕೆಲಸ ಮಾಡುವ ಲ್ಯಾಬಿನಲ್ಲಿ ಅವನ ಸಹೋದ್ಯೋಗಿ ಎವಾ ಇದ್ದಾಳೆ. ಲಿಂಡ್‌ಬ್ಲೋಮ್. ಅವನು ಕದ್ದುಮುಚ್ಚಿ ಬರೆದ ಕವಿತೆಗಳನ್ನು ಹೆಂಡತಿಗೆ ತೋರಿಸಿಲ್ಲ, ಇವಳಿಗೆ ತೋರಿಸಿದ್ದಾನೆ. ಇವಳು ನಿಜ ಹೇಳುತ್ತಾಳೆ: ಕವಿತೆ ಅಷ್ಟಕ್ಕಷ್ಟೇ. ನೋಯಿಸಬೇಕು ಅಂತ ಹೇಳುವುದಲ್ಲ, ಹಳೆಯ ಗೆಳತಿ ಹೇಳಬೇಕಾದದ್ದನ್ನು ಹೇಳುವುದು. ಅವನ ಮುಖ ಇಳಿಯುತ್ತದೆ. ತನ್ನನ್ನು ತಾನು ದೊಡ್ಡವನು ಅಂದುಕೊಂಡಿದ್ದ ಗಂಡಸಿನ ಒಳಗೆ ಮೊದಲ ಬಿರುಕು ಬೀಳುವುದು ಅಲ್ಲಿ. ಮುಂದೆ ಅವನು ಮನೆ ಬಿಟ್ಟು ಹೋಗುವುದಕ್ಕೆ ಪ್ರೀತಿ ಪ್ರೇಮಕ್ಕಿಂತ ಈ ಬಿರುಕು ದೊಡ್ಡ ಕಾರಣ ಅಂತ ಆ ಕಂತನ್ನು ಮತ್ತೆ ನೋಡಿದಾಗಲೆಲ್ಲ ಅನ್ನಿಸುತ್ತದೆ. ಒಂದೇ ದೃಶ್ಯ. ಈ ಸಲ ಬುದ್ಧಿಯ ಮಾತು ಈಕೆಯದು, ಪೆಟ್ಟಾಗುವುದು ಗಂಡಸಿಗೆ.

ಅಷ್ಟು ಹೊತ್ತಿಗೆ ಅವರು ಸ್ಟಾಕ್‌ಹೋಮಿನ ರಾಷ್ಟ್ರೀಯ ರಂಗಮಂದಿರ ದ್ರಾಮಾತೆನ್ ಸೇರಿ ಐದು ವರ್ಷ ಆಗಿತ್ತು. ಬರ್ಗ್‌ಮನ್‌ಗೆ ಸಹಾಯಕ ನಿರ್ದೇಶಕಿಯಾಗಿಯೂ ದುಡಿದರು, ಆಮೇಲೆ ತಾವೇ ನಾಟಕ ಮಾಡಿಸತೊಡಗಿದರು. 1977ರಲ್ಲಿ ಮೊದಲ ಸಿನಿಮಾ ನಿರ್ದೇಶನ, ‘ಸಮರ್ ಪ್ಯಾರಡೈಸ್’. ಬರ್ಗ್‌ಮನ್ ನಿರ್ಮಾಪಕರು. ತೆರಿಗೆ ಪ್ರಕರಣದಿಂದ ನೊಂದು ಅವರು 1976ರಲ್ಲೇ ದೇಶ ಬಿಟ್ಟು ಜರ್ಮನಿಗೆ ಹೋಗಿದ್ದರು, ಆದರೂ ಅವರ ಕಂಪನಿ ಈ ಸಿನಿಮಾದ ಬೆನ್ನಿಗೆ ನಿಂತಿತು.

ನನ್ನ ಇವತ್ತಿನ ಮಾತಿನ ತಿರುಳು ಇಲ್ಲಿದೆ. ಈ ಸಿನಿಮಾದ ಕಾದಂಬರಿ ಯಾರದು? ಉಲ್ಲಾ ಇಸಾಕ್ಸನ್ ಅವರದು, ಇಂಗೇರಿಯನ್ನು ಬರೆದವರು. ಕಥೆ ಎಲ್ಲಿ ನಡೆಯುತ್ತದೆ? ದ್ವೀಪಗಳ ನಡುವಿನ ಒಂದು ಹಳೆಯ ಬೇಸಿಗೆ ಮನೆಯಲ್ಲಿ, ನಾಲ್ಕು ತಲೆಮಾರಿನವರು ಪ್ರತಿ ವರ್ಷ ಸೇರುವ ಜಾಗ. ಮುಖ್ಯ ಪಾತ್ರ ಇಬ್ಬರು ಗೆಳತಿಯರು, ಇಬ್ಬರೂ ಅರವತ್ತರ ಆಸುಪಾಸು. ಒಬ್ಬಳು ಡಾಕ್ಟರ್ ಕಾಥಾ, ಇನ್ನೊಬ್ಬಳು ಸಮಾಜಕಾರ್ಯಕರ್ತೆ ಎಮ್ಮಾ. ಕಾಥಾ ಮನೆ, ಮಕ್ಕಳು, ನೆಮ್ಮದಿ ಎಲ್ಲ ಸರಿಯಿದೆ ಅಂದುಕೊಂಡವಳು. ಎಮ್ಮಾ ಹೊರಗಿನ ಲೋಕದಲ್ಲಿ ಕೈಬಿಟ್ಟುಹೋದ ಮಕ್ಕಳನ್ನು ದಿನಾ ಕಂಡವಳು, ನೆಮ್ಮದಿಯನ್ನು ನಂಬದವಳು.

ಕಾಥಾ ಪಾತ್ರ ಮಾಡಿದವರು ಬಿರ್ಗಿಟ್ಟಾ ವಾಲ್‌ಬರ್ಗ್. ‘ದ ವರ್ಜಿನ್ ಸ್ಪ್ರಿಂಗ್’ನಲ್ಲಿ ಕೊಲೆಯಾದ ಹುಡುಗಿಯ ತಾಯಿ ಆಗಿದ್ದವರು. ಎಮ್ಮಾ ಪಾತ್ರ ಸಿಫ್ ರೂಡ್. ‘ವೈಲ್ಡ್ ಸ್ಟ್ರಾಬೆರೀಸ್’ನಲ್ಲಿ ಊಟದ ಮೇಜಿನ ಹತ್ತಿರ ಮಕ್ಕಳನ್ನೆಲ್ಲ ಗದರಿಸುವ ಚಿಕ್ಕಮ್ಮ, ನೆನಪಿದೆಯಾ? ಅವರೇ. ಇಬ್ಬರೂ 1916ರಲ್ಲಿ ಹುಟ್ಟಿದವರು. ಇಬ್ಬರೂ ವರ್ಷಾನುಗಟ್ಟಲೆ ಸ್ವೀಡಿಷ್ ಸಿನಿಮಾದಲ್ಲಿ ತಾಯಿ, ಅತ್ತೆ, ಕೆಲಸದವಳು, ಪಕ್ಕದ ಮನೆಯವಳು ಆಗಿ 1977ಕ್ಕೆ ಬಂದವರು. ಲಿಂಡ್‌ಬ್ಲೋಮ್ ಕೈಗೆ ಕ್ಯಾಮೆರಾ ಬಂದಾಗ ಅವರು ಯಾರ ಕಡೆ ತಿರುಗಿಸಿದರು ನೋಡಿ. ಯೌವನದ ನಾಯಕಿಯನ್ನು ಹುಡುಕಲಿಲ್ಲ. ತನ್ನ ಹಾಗೆಯೇ ಬದಿಯಲ್ಲಿ ನಿಂತು ವರ್ಷಗಟ್ಟಲೆ ಸಿನಿಮಾಗಳನ್ನು ಹೊತ್ತ ಇಬ್ಬರು ಹಿರಿಯರನ್ನು ನಡುವೆ ಕೂರಿಸಿ, ಅವರು ವಾದ ಮಾಡಲಿ, ಜಗಳ ಆಡಲಿ, ರಾಜಕೀಯ ಮಾತಾಡಲಿ ಅಂತ ಬಿಟ್ಟರು. ಇದು ಸುಮ್ನೆ ಆದದ್ದು ಅಂತ ನಾನು ಒಪ್ಪುವುದಿಲ್ಲ. ಆ ಮುಖಗಳಲ್ಲಿ ಏನಿದೆ ಅಂತ ಅದೇ ಊಟದ ಮೇಜಿನಲ್ಲಿ ಜೊತೆಗೆ ಕೂತಿದ್ದ ಈಕೆಗೆ ಗೊತ್ತಿತ್ತು.

ಆಮೇಲೆ 1981ರಲ್ಲಿ ‘ಸ್ಯಾಲಿ ಅಂಡ್ ಫ್ರೀಡಮ್’, 1987ರಲ್ಲಿ ಆಗ್ನೆತಾ ಪ್ಲೆಯೆಲ್ ಅವರ ನಾಟಕದಿಂದ ಇನ್ನೊಂದು ಸಿನಿಮಾ ಮಾಡಿದರು. ರಂಗದ ಕೆಲಸ ನಡೆದೇ ಇತ್ತು. 2000ದಲ್ಲಿ ಬರ್ಗ್‌ಮನ್ ದ್ರಾಮಾತೆನ್‌ನಲ್ಲಿ ಸ್ಟ್ರಿಂಡ್‌ಬರ್ಗ್‌ನ ‘ಘೋಸ್ಟ್ ಸೊನಾಟಾ’ ಮಾಡಿಸಿದಾಗ ಈಕೆ ‘ಮಮ್ಮಿ’ (ಅಮ್ಮ ಅಲ್ಲ, ಕೆಡದಂತೆ ಕಾದಿಟ್ಟ ಹೆಣ ಅನ್ನುವ ಅರ್ಥದ ಮಮ್ಮಿ). ವರ್ಷಗಟ್ಟಲೆ ಬೀರುವಿನೊಳಗೆ ಗಿಳಿಯ ಹಾಗೆ ಮಾತಾಡಿಕೊಂಡು ಕೂತು, ಒಂದು ಹೊತ್ತಿನಲ್ಲಿ ಎದ್ದು ಬಂದು, ಎಲ್ಲರ ಗುಟ್ಟು ರಟ್ಟು ಮಾಡುತ್ತಿದ್ದ ಮುದುಕನ ಪಾಪವನ್ನೇ ಬಯಲು ಮಾಡುವ ಮುದುಕಿ. ಅಷ್ಟು ವರ್ಷದ ಆಮೇಲೂ ಅದೇ ಇಬ್ಬರು ಜೊತೆಗೆ ಕೆಲಸ ಮಾಡುತ್ತಿದ್ದರು.

2009ರಲ್ಲಿ, 77ನೇ ವಯಸ್ಸಿನಲ್ಲಿ, ಸ್ಟೀಗ್ ಲಾರ್ಸನ್ ಕಾದಂಬರಿಯ ‘ದ ಗರ್ಲ್ ವಿತ್ ದ ಡ್ರ್ಯಾಗನ್ ಟ್ಯಾಟೂ’. ಕಾಣೆಯಾದ ಹುಡುಗಿಯ ತಾಯಿ ಇಸಾಬೆಲ್ಲಾ ವಾಂಗೆರ್. ಚಿಕ್ಕ ಪಾತ್ರ, ತಣ್ಣಗಿನ ಹೆಂಗಸು. ಅದನ್ನು ಆಮೇಲೆ ಉದ್ದ ಮಾಡಿ ಟಿವಿ ಸರಣಿಯಾಗಿಯೂ ಹಾಕಿದರು. ಇಲ್ಲಿ ಕೂತಿರುವ ಕಿರಿಯರಲ್ಲಿ ಕೆಲವರು ಗುನ್ನೆಲ್ ಲಿಂಡ್‌ಬ್ಲೋಮ್ ಅವರನ್ನು ನೋಡಿದ್ದರೆ ಅದರಲ್ಲೇ ನೋಡಿರುತ್ತೀರಿ, ಹೆಸರು ಗೊತ್ತಿರದಿದ್ದರೂ. 2021ರ ಜನವರಿ 24ರಂದು ಅವರು ತೀರಿಕೊಂಡರು.

ಇಲ್ಲಿಗೆ ಮಾತು ಮುಗಿದಿತ್ತು. ಪ್ರಶ್ನೆಗಳು ಶುರುವಾದವು.

ಹಿಂದೆ ಕೂತಿದ್ದ ಹಿರಿಯರೊಬ್ಬರು ಕೇಳಿದರು: ಬರ್ಗ್‌ಮನ್ ಇಲ್ಲದಿದ್ದರೆ ಈಕೆಯ ಹೆಸರು ಯಾರಿಗೆ ಗೊತ್ತಾಗುತ್ತಿತ್ತಮ್ಮ?

ನ್ಯಾಯವಾದ ಪ್ರಶ್ನೆ ಸರ್. ನಮಗೆ, ಇಷ್ಟು ದೂರದವರಿಗೆ, ಬಹುಶಃ ಗೊತ್ತಾಗುತ್ತಿರಲಿಲ್ಲ. ಸ್ವೀಡನ್ನಿನವರಿಗೆ ಗೊತ್ತಿರುತ್ತಿತ್ತು. ಆದರೆ ನಾನು ಪ್ರಶ್ನೆಯನ್ನು ತಿರುಗಿಸಿಯೂ ಕೇಳಬೇಕು ಅನ್ನುತ್ತೇನೆ. ಈ ನಟಿಯರಿಲ್ಲದ ಬರ್ಗ್‌ಮನ್ ಸಿನಿಮಾ ಹೇಗಿರುತ್ತಿತ್ತು? ಚಿತ್ರಕಥೆ ಮಾತ್ರ ಓದಿ ನೋಡಿ, ಎಷ್ಟೋ ಕಡೆ ಒಣ ಅನ್ನಿಸುತ್ತದೆ. ಮುಖದ ಹತ್ತಿರ ಕ್ಯಾಮೆರಾ ತಗೊಂಡು ಹೋಗುವ ಧೈರ್ಯ ಅವರಿಗಿತ್ತು, ಒಪ್ಪೋಣ. ಹೋದಾಗ ಆ ಮುಖದಲ್ಲಿ ಏನಾದರೂ ಇರಬೇಕಲ್ಲ.

ಇನ್ನೊಬ್ಬ ಹುಡುಗಿ, ಧಾರಾವಾಹಿಗಳಲ್ಲಿ ಚಿಕ್ಕಪುಟ್ಟ ಪಾತ್ರ ಮಾಡುತ್ತಾಳಂತೆ, ಕೇಳಿದಳು: ಮೇಡಂ, ಡೈಲಾಗ್ ಇಲ್ಲದೆ ಸುಮ್ನೆ ನಿಲ್ಲಿಸಿಬಿಡ್ತಾರೆ, ಅಲ್ಲಿ ಏನು ಮಾಡಬೇಕು?

ನಾನು ನಟಿ ಅಲ್ಲ, ಪಾಠ ಹೇಳುವ ಹಕ್ಕು ನನಗಿಲ್ಲ. ‘ವಿಂಟರ್ ಲೈಟ್’ನಲ್ಲಿ ಗಂಡನನ್ನು ಪಾದ್ರಿಯ ಕೋಣೆಗೆ ಕರೆತರುವ ದೃಶ್ಯ ನೋಡಮ್ಮ ಅಂದೆ. ಅಲ್ಲಿ ಲಿಂಡ್‌ಬ್ಲೋಮ್‌ಗೆ ಮಾತಿದೆ, ಆದರೆ ಮಾತು ಪಾದ್ರಿಗೆ, ಗಮನವೆಲ್ಲ ಗಂಡನ ಮೇಲೆ. ಆಮೇಲೆ ಗಂಡನ ಪಾತ್ರದ ಮ್ಯಾಕ್ಸ್ ವಾನ್ ಸಿಡೋ ಅವರನ್ನೂ ನೋಡು, ಅವರು ಅಲ್ಲಿ ಹೆಚ್ಚುಕಡಿಮೆ ಮೂಕ. ಇಬ್ಬರೂ ಒಬ್ಬರನ್ನೊಬ್ಬರು ಕೇಳಿಸಿಕೊಳ್ಳುತ್ತಿದ್ದಾರೆ. ಕ್ಯಾಮೆರಾ ತಮ್ಮ ಕಡೆ ಇದೆಯೋ ಇಲ್ಲವೋ ಅನ್ನುವ ಲೆಕ್ಕ ಅವರಲ್ಲಿ ಕಾಣುವುದಿಲ್ಲ. ನಾಲ್ಕು ಸಲ ನೋಡು, ಒಂದು ಸಲ ಸದ್ದು ಆರಿಸಿ ನೋಡು. ನನಗಿಂತ ಜಾಸ್ತಿ ನಿನಗೇ ಕಾಣುತ್ತದೆ.

ಯಾವುದರಿಂದ ಶುರು ಮಾಡಬೇಕು ಅಂತಲೂ ಕೇಳಿದರು. ‘ದ ವರ್ಜಿನ್ ಸ್ಪ್ರಿಂಗ್’ನಿಂದ ಶುರು ಮಾಡಿ, ಒಂದೂವರೆ ಗಂಟೆ ಅಷ್ಟೇ. ಅತ್ಯಾಚಾರದ ದೃಶ್ಯ ನೋಡಲು ಬಹಳ ಕಷ್ಟ, ಮೊದಲೇ ಹೇಳಿರುತ್ತೇನೆ, ಮನೆಯಲ್ಲಿ ಮಕ್ಕಳಿದ್ದರೆ ಅವರ ಮುಂದೆ ಬೇಡ. ಆಮೇಲೆ ‘ವಿಂಟರ್ ಲೈಟ್’, ಅದು ಇನ್ನೂ ಚಿಕ್ಕದು. ‘ಸಮರ್ ಪ್ಯಾರಡೈಸ್’ ಸಿಗುವುದು ಕಷ್ಟ. ಸಿಕ್ಕವರು ದಯವಿಟ್ಟು ನನಗೂ ತಿಳಿಸಿ, ಕೂಟದಲ್ಲಿ ಒಂದು ಸಂಜೆ ಎಲ್ಲರೂ ಒಟ್ಟಿಗೆ ಕೂತು ನೋಡೋಣ.